ಸೊಲ್ಲು ಕೊಡುವವಳು

ನಡೆದದ್ದು ಇಷ್ಟೇ: ಹಿಂದೆ ಹಾಡುವವಳನ್ನು ಎಳೆದು ಮುಂದೆ ನಿಲ್ಲಿಸಿದರು, ಅವಳು ಒಲ್ಲೆ ಅಂದಳು. ಯಾರೂ ಏನನ್ನೂ ಕದಿಯಲಿಲ್ಲ. ಮುದುಕಿಗೆ ಹೊಸ ಕಾಲದ ಸಂಗೀತ ಹಿಡಿಸಲಿಲ್ಲ ಎನ್ನುವುದೂ ಸುಳ್ಳು. ನನ್ನ ಮೊಮ್ಮಗಳ ಸಿ.ಡಿ.ಯಲ್ಲಿ ಆ ಪದ ಈಗಲೂ ಇದೆ. ಅದರಲ್ಲಿ ಪ್ರತಿ ಸಾಲು ಮುಗಿದ ಮೇಲೆ ಇನ್ನೊಂದು ಸಾಲಿನಷ್ಟೇ ಉದ್ದದ ಖಾಲಿ ಜಾಗ ಬರುತ್ತದೆ, ಬರೀ ತಾಳ ನಡೆಯುತ್ತಿರುತ್ತದೆ. ಕೇಳಿದವರು ಆ ಖಾಲಿ ಜಾಗವನ್ನು ಬಹಳ ಹೊಗಳುತ್ತಾರಂತೆ, ಏನೋ ಹೊಸ ಬಗೆ ಎಂದು. ಹೊಸ ಬಗೆಯೂ ಇಲ್ಲ, ಮಣ್ಣೂ ಇಲ್ಲ. ಅಲ್ಲಿ ಹಾಡಬೇಕಾದವಳು ಬಾಯಿ ಮುಚ್ಚಿಕೊಂಡಳು. ಆಗ ನಾನು ಅಲ್ಲೇ ಇದ್ದೆ, ಅದಕ್ಕೆ ಬರೆಯುತ್ತಿದ್ದೇನೆ. ಓದಿದ್ದು ನಾಲ್ಕನೇ ಕ್ಲಾಸು. ತಪ್ಪು ಕಂಡರೆ ಓದುವವರೇ ತಿದ್ದಿಕೊಳ್ಳಲಿ.

ಎರಡು ಸಾವಿರದ ಇಸವಿ ದಾಟಿದ ಹೊಸತು. ನನ್ನ ಗಂಡ ತೀರಿಕೊಂಡಿದ್ದರು. ಮಗಳು ನನ್ನನ್ನು ಸ್ವೀಡನ್ನಿಗೆ ಕರೆಸಿಕೊಂಡಳು. ಸ್ಟಾಕ್‌ಹೋಮಿನ ಮಗ್ಗುಲಲ್ಲಿ ಸುಂಡ್‌ಬೀಬರ್ಯ್ ಎಂಬಲ್ಲಿ ಅವರ ಬಾಡಿಗೆ ಮನೆ. ಬೆಳಿಗ್ಗೆ ಎದ್ದರೆ ಅಳಿಯ ರೈಲು ಹಿಡಿದು ಆಫೀಸಿಗೆ, ಮಗಳು ದಾಗಿಸ್‌ಗೆ, ಅಂದರೆ ಚಿಕ್ಕ ಮಕ್ಕಳನ್ನು ನೋಡಿಕೊಳ್ಳುವ ಕಡೆ ಕೆಲಸಕ್ಕೆ, ಮೊಮ್ಮಗಳು ಸಂಗೀತದ ಕಾಲೇಜಿಗೆ. ಮನೆಯಲ್ಲಿ ಉಳಿಯುತ್ತಿದ್ದದ್ದು ನಾನು ಮತ್ತು ಫ್ರಿಜ್ಜು. ಫ್ರಿಜ್ಜಾದರೂ ಆಗಾಗ ಗುರ್ ಎನ್ನುತ್ತಿತ್ತು.

ಆ ಕಟ್ಟಡಕ್ಕೆಲ್ಲ ನೆಲಮಾಳಿಗೆಯಲ್ಲಿ ಒಂದೇ ಬಟ್ಟೆ ಒಗೆಯುವ ಕೋಣೆ. ಗೋಡೆಗೆ ಒಂದು ಹಲಗೆ ಹೊಡೆದಿದ್ದರು, ಅದರಲ್ಲಿ ಪ್ರತಿ ದಿನದ ಪ್ರತಿ ಹೊತ್ತಿಗೂ ಒಂದೊಂದು ತೂತು. ಪ್ರತಿ ಮನೆಗೂ ಒಂದು ಪುಟ್ಟ ಬೀಗ. ಯಾವ ಹೊತ್ತು ಬೇಕೋ ಆ ತೂತಿಗೆ ಬೀಗ ಸಿಕ್ಕಿಸಿದರೆ ಆ ಹೊತ್ತು ನಿಮ್ಮದು. ಬೇರೆಯವರು ಆಗ ಒಳಗೆ ಕಾಲಿಟ್ಟರೆ ಕೊಲೆ ಮಾಡಿದವರನ್ನು ನೋಡುವ ಹಾಗೆ ನೋಡುತ್ತಾರೆ. ಬಾಯಿ ಮಾತ್ರ ಬಿಡುವುದಿಲ್ಲ. ಚೀಟಿ ಬರೆದು ಗೋಡೆಗೆ ಅಂಟಿಸಿ ಹೋಗುತ್ತಾರೆ. ಇದು ಗೊತ್ತಿಲ್ಲದೆ ನಾನು ಒಂದು ಬೆಳಿಗ್ಗೆ ಬುಟ್ಟಿ ಹೊತ್ತುಕೊಂಡು ನೆಟ್ಟಗೆ ಒಳಗೆ ಹೋದೆ. ಒಳಗೆ ಒಬ್ಬಳು ಎತ್ತರದ ಮುದುಕಿ ಒದ್ದೆ ಬೆಡ್‌ಶೀಟಿನ ಒಂದು ತುದಿಯನ್ನು ಗದ್ದಕ್ಕೆ ಅವುಚಿಕೊಂಡು, ಇನ್ನೊಂದು ತುದಿ ನೆಲಕ್ಕೆ ತಾಗದ ಹಾಗೆ ಒಬ್ಬಳೇ ಒದ್ದಾಡುತ್ತಿದ್ದಳು. ನಾನು ಹೋಗಿ ಆ ತುದಿ ಹಿಡಿದೆ. ಸೀರೆ ಮಡಚುವಾಗ ಎದುರಿಗೆ ಒಬ್ಬರು ನಿಲ್ಲುತ್ತಾರಲ್ಲ, ಹಾಗೆ. ಇಬ್ಬರೂ ಎಳೆದು ಸುಕ್ಕು ಬಿಡಿಸಿ, ಮಡಚಿ, ಒಣಗಿಸುವ ಬೀರುವಿನಲ್ಲಿ ಹಾಕಿದೆವು. ಅವಳು ಚೀಟಿ ಅಂಟಿಸಲಿಲ್ಲ. ಮುಂದಿನ ವಾರ ಅದೇ ಬೆಳಿಗ್ಗೆ ಮೇಲೆ ಬಂದು ನಮ್ಮ ಮನೆಯ ಬೆಲ್ ಒತ್ತಿದಳು, ಕೈಯಲ್ಲಿ ಬುಟ್ಟಿ. ಅಲ್ಲಿಂದ ವಾರವಾರವೂ ಅವಳ ಬೀಗಕ್ಕೆ ನನ್ನ ಬಟ್ಟೆ.

ಅವಳು ಕೆಳಗಿನ ಮಹಡಿಯವಳು. ಸ್ವೀಡನ್ನಿನವಳಲ್ಲ. ಫ್ರಾನ್ಸ್ ದೇಶದ ಪಡುವಣ ತುದಿಯಲ್ಲಿ ಸಮುದ್ರಕ್ಕೆ ಚಾಚಿಕೊಂಡ ಬ್ರಿಟನಿ ಎಂಬ ಸೀಮೆಯವಳು. ಹಡಗಿನಲ್ಲಿ ಕೆಲಸ ಮಾಡುತ್ತಿದ್ದ ಸ್ವೀಡನ್ನಿನವನೊಬ್ಬನನ್ನು ಕಟ್ಟಿಕೊಂಡು ಬಂದವಳು, ಅವನೂ ಸತ್ತು ಬಹಳ ಕಾಲವಾಗಿತ್ತು. ಫ್ರೆಂಚಿನವಳಾ ಎಂದರೆ ಮುಖ ಊದಿಸುತ್ತಿದ್ದಳು. ಅವರ ಮಾತು ಬೇರೆಯಂತೆ, ಬ್ರೆಟನ್ ಎಂದು. ಸ್ಕೂಲಿನಲ್ಲಿ ಆ ಮಾತು ಆಡಿದರೆ ಮೇಷ್ಟ್ರು ಬಾರಿಸುತ್ತಿದ್ದರಂತೆ. ಇದನ್ನೆಲ್ಲ ಮೊಮ್ಮಗಳು ಅವಳ ಹತ್ತಿರ ಸ್ವೀಡಿಷಿನಲ್ಲಿ ಕೇಳಿ ನನಗೆ ಕನ್ನಡದಲ್ಲಿ ಹೇಳಿದಳು. ನಾವಿಬ್ಬರೇ ಇದ್ದಾಗ ಮಾತಿನ ಗೊಡವೆ ಇರಲಿಲ್ಲ. ನನಗೆ ‘ತಾಕ್’, ಅಂದರೆ ಥ್ಯಾಂಕ್ಸ್, ಬರುತ್ತಿತ್ತು, ಅವಳಿಗೆ ‘ಅಜ್ಜಿ’ ಬರುತ್ತಿತ್ತು. ವಯಸ್ಸಿನಲ್ಲಿ ನನಗಿಂತ ದೊಡ್ಡವಳು, ಆದರೂ ನಾನೇ ಅವಳಿಗೆ ಅಜ್ಜಿ.

ಬೆಡ್‌ಶೀಟು ಎಳೆಯುವಾಗ ನನ್ನ ಬಾಯಿ ಸುಮ್ಮನಿರುವುದಿಲ್ಲ. ಒಂದು ದಿನ ಸೋಬಾನೆ ಪದ ಹೇಳಿಕೊಳ್ಳುತ್ತಿದ್ದೆ. ನಮ್ಮ ಕಡೆ ಮದುವೆ ಮನೆಯಲ್ಲಿ ಒಬ್ಬಳು ಸಾಲು ಹೇಳುತ್ತಾಳೆ, ಉಳಿದವರು ಹಿಂದಿನಿಂದ ಸೊಲ್ಲು ಕೊಡುತ್ತಾರೆ, ಅಂದರೆ ಅವಳ ಮಾತನ್ನೇ ಎತ್ತಿಕೊಂಡು ತಿರುಗಿ ಹಾಡುತ್ತಾರೆ. ಅಂದು ನನಗೆ ಸೊಲ್ಲು ಕೊಡುವವರು ಯಾರೂ ಇರಲಿಲ್ಲ. ಸಾಲಿನ ಕೊನೆಗೆ ಬಂದಿದ್ದೆ, ಇನ್ನೂ ಎರಡಕ್ಷರ ಬಾಕಿ ಇತ್ತು, ಅಷ್ಟರಲ್ಲಿ ಎದುರಿಗಿದ್ದ ಮುದುಕಿ ಆ ಎರಡಕ್ಷರಕ್ಕೆ ಸೇರಿಕೊಂಡಳು. ಮಾತು ಗೊತ್ತಿಲ್ಲ, ‘ಲ ಲಾ’ ಎಂದೇ ಇಡೀ ಸಾಲನ್ನು ತಿರುಗಿ ಹಾಡಿದಳು. ದನಿ ಎಂದರೆ ದನಿ. ಹೊಲದ ಆಚೆ ಬದುವಿನಲ್ಲಿರುವವರನ್ನು ಕರೆಯುವಂಥದ್ದು. ಹೀಗೆ ಸಾಲು ಮುಗಿಯುವ ಮೊದಲೇ ಬಾಯಿ ಹಾಕುವವಳನ್ನು ನಮ್ಮಲ್ಲಿ ಆತುರಗೇಡಿ ಎನ್ನುತ್ತೇವೆ. ಅವರಲ್ಲಿ ಅದೇ ಕ್ರಮವಂತೆ. ಜನ ಕಿರುಬೆರಳಿಗೆ ಕಿರುಬೆರಳು ಹೆಣೆದುಕೊಂಡು ಸುತ್ತುಗಟ್ಟಿ ಕುಣಿಯುತ್ತಾರೆ, ಹಾಡುವವರು ಇಬ್ಬರೇ. ಮುಂದಿನವಳ ಉಸಿರು ತೀರುವಷ್ಟರಲ್ಲಿ ಹಿಂದಿನವಳು ಬಂದು ಸೇರಿರಬೇಕು. ನಡುವೆ ಕೂದಲಿನಷ್ಟು ಸಂದು ಬಿದ್ದರೂ ಕುಣಿಯುವವರ ಕಾಲು ಕೆಡುತ್ತದೆ.

ಅವಳು ಹಿಂದಿನವಳು. ಮುಂದಿನವಳು ಅವಳ ಅಕ್ಕ. ಚಿಕ್ಕಂದಿನಿಂದ ಇಬ್ಬರೂ ಜೋಡಿ, ಮದುವೆಗಳಿಗೆ, ಸುಗ್ಗಿ ಮುಗಿದ ಮೇಲಿನ ಕುಣಿತಕ್ಕೆ ಇವರನ್ನೇ ಕರೆಯುತ್ತಿದ್ದರಂತೆ. ಮದುವೆಯಾಗಿ ಈ ದೇಶಕ್ಕೆ ಬಂದ ಮೇಲೂ ವರ್ಷಕ್ಕೊಮ್ಮೆ ಊರಿಗೆ ಹೋಗಿ ಅಕ್ಕನ ಜೊತೆ ಹಾಡಿ ಬರುತ್ತಿದ್ದಳು. ಅಕ್ಕ ಸತ್ತಳು, ಇವಳ ಹಾಡೂ ನಿಂತಿತು. ಪದವೆಲ್ಲ ಬಾಯಲ್ಲೇ ಇದೆ, ಆದರೆ ತಾನಾಗಿ ಶುರು ಮಾಡುವುದಿಲ್ಲ. ಶುರು ಮಾಡು ಎಂದರೆ ಕಾಯುತ್ತಾ ನಿಲ್ಲುತ್ತಾಳೆ, ಬಸ್ ಸ್ಟಾಪಿನಲ್ಲಿ ನಿಂತ ಹಾಗೆ.

ಮೊಮ್ಮಗಳಿಗೆ ಇದು ಗೊತ್ತಾಗಿದ್ದೇ ತಡ, ಬೆನ್ನು ಹತ್ತಿದಳು. ಅವರದೊಂದು ಮೂರು ಜನರ ಮೇಳ. ಗಿಟಾರ್ ನುಡಿಸುವವನೊಬ್ಬ, ಕಂಪ್ಯೂಟರಿನಲ್ಲಿ ತಾಳ ಹಾಕುವವಳೊಬ್ಬಳು, ಹಾಡುವವಳು ನಮ್ಮವಳು. ಹಳೆಯ ಪದಗಳನ್ನು ಹೊಸದಾಗಿ ಮಾಡುವುದು ಅವರ ಕಸುಬು. ಯುಗಾದಿಗೆ ಕನ್ನಡದವರೆಲ್ಲ ಸೇರಿದಾಗ ಉಪ್ಸಾಲಾದಿಂದ ಬಂದ ಒಬ್ಬಾಕೆ, “ಅಲ್ಲಮ್ಮಾ, ಊರೋರ್ ಹಾಡೆಲ್ಲ ಹಾಡ್ತೀಯ, ನಮ್ದೇ ಒಂದ್ ಹಾಡ್ಬಾರ್ದಾ?” ಎಂದು ಮೊಮ್ಮಗಳನ್ನು ಚುಚ್ಚಿದಳು. “ನೀವ್ ಒಂದ್ ಹೇಳ್ಕೊಡಿ, ಹಾಡ್ತಾಳೆ,” ಅಂದೆ. ಆಕೆ ಒಬ್ಬಟ್ಟಿನ ತಟ್ಟೆ ಹಿಡಿದು ಆ ಕಡೆ ಹೋದಳು.

ಮುದುಕಿ ನಮ್ಮ ಅಡುಗೆಮನೆಗೆ ಬಂದು ಕೂತ ಮಧ್ಯಾಹ್ನ ನನಗೆ ಚೆನ್ನಾಗಿ ನೆನಪಿದೆ. ಡಬ್ಬಿಯಲ್ಲಿ ಒಂದು ಕಪ್ಪು ಹಿಟ್ಟು ತಂದಿದ್ದಳು, ರಾಗಿಯ ದಾಯಾದಿಯ ಹಾಗಿತ್ತು. ನನ್ನ ದೋಸೆ ಹಂಚನ್ನು ನೋಡಿದವಳೇ ಸೆರಗಿಲ್ಲದ ಸೊಂಟಕ್ಕೆ ಟವೆಲ್ ಸಿಕ್ಕಿಸಿಕೊಂಡು ಅವಳ ಕಡೆಯ ದೋಸೆ ಹುಯ್ದಳು. ತಿನ್ನುತ್ತಾ ಮೊಮ್ಮಗಳು ಕಂಪ್ಯೂಟರ್ ತೆರೆದಳು. ಅಕ್ಕತಂಗಿಯರು ಹಾಡುತ್ತಿದ್ದ ಒಂದು ಪದವನ್ನು ಆಮೇಲೆ ಯಾರು ಯಾರೋ ತಮಗೆ ತೋಚಿದ ಹಾಗೆ ಹಾಡಿದ್ದಾರಂತೆ. ಒಂದೇ ಪದಕ್ಕೆ ನಾಲ್ಕಾರು ವೇಷ. ಒಂದರಲ್ಲಿ ಬರೀ ತಂತಿ ಮೀಟುತ್ತಾರೆ, ಒಂದರಲ್ಲಿ ಚೀಲ ಊದುವ ವಾದ್ಯ, ಒಂದರಲ್ಲಿ ಕರೆಂಟಿನ ಗಿಟಾರು, ಕಿವಿ ಕಿತ್ತುಹೋಗುವಷ್ಟು. ತಂತಿಯದ್ದು ಕೇಳಿ ಮುದುಕಿ ಏನೋ ಅಂದಳು. ಮೊಮ್ಮಗಳು ಬಿದ್ದು ಬಿದ್ದು ನಕ್ಕಳು.

“ಏನಂತೆ?”

“ಇದನ್ನ ಡೆಂಟಿಸ್ಟ್ ಹತ್ರ ವೇಟಿಂಗ್ ರೂಮಲ್ಲಿ ಹಾಕ್ಬೇಕಂತೆ ಅಜ್ಜಿ.”

ಕರೆಂಟಿನ ಗಿಟಾರಿಗೆ ಮಾತ್ರ ಅವಳ ಕಾಲು ಮೇಜಿನ ಕೆಳಗೆ ತಾಳ ಹಾಕತೊಡಗಿತು. “ಇವರಿಗೆ ಕಾಲಿದೆ,” ಅಂದಳಂತೆ. ಇದನ್ನು ಯಾಕೆ ಬರೆಯುತ್ತಿದ್ದೇನೆಂದರೆ, ಆಮೇಲೆ ಎಲ್ಲರೂ ಮುದುಕಿಗೆ ಹೊಸದು ಆಗಿಬರಲಿಲ್ಲ ಎಂದು ಮಾತಾಡಿಕೊಂಡರು.

ಪದದಲ್ಲಿ ಹೆಚ್ಚೇನೂ ಇಲ್ಲ. ಹುಡುಗಿಯೊಬ್ಬಳು ಊರ ಕೊಳದಲ್ಲಿ ಬಟ್ಟೆ ಒಗೆಯುತ್ತಾಳೆ. ಅಪ್ಪನ ಅಂಗಿ ಒಗೆದು ಹಿಂಡಿ ಗೆಳತಿಯ ಕೈಗೆ ಕೊಡುತ್ತಾಳೆ, ಅಣ್ಣನದ್ದು ಕೊಡುತ್ತಾಳೆ. ಕೊನೆಗೆ ಸಮುದ್ರಕ್ಕೆ ಹೋದವನ ಅಂಗಿ. ಅದನ್ನು ಯಾರೂ ತೊಟ್ಟಿಲ್ಲ, ಕೊಳೆಯೂ ಆಗಿಲ್ಲ, ಅದನ್ನೂ ಒಗೆಯುತ್ತಾಳೆ. ಅಷ್ಟೇ.

ಅಂದೇ ಮೊಮ್ಮಗಳು ಅವಳ ದನಿಯನ್ನು ಕಂಪ್ಯೂಟರಿನಲ್ಲಿ ಹಿಡಿದುಕೊಂಡಳು. ಇವಳು ಕಾಗದ ನೋಡಿಕೊಂಡು ಮುಂದಿನ ಸಾಲು ಹೇಳುವುದು, ಅವಳು ಸೊಲ್ಲು ಕೊಡುವುದು. ಇವಳು ತಡವರಿಸಿದರೆ ಅವಳು ಮೇಜು ಕುಟ್ಟಿ ತಿರುಗಿ ಹೇಳಿಸುತ್ತಿದ್ದಳು. ಮುಖ ಕೆಂಪಾಗಿತ್ತು, ಕೂದಲು ಕೆದರಿತ್ತು. ಪದವನ್ನು ಮೇಳದಲ್ಲಿ ಸೇರಿಸಿಕೊಳ್ಳಲೇ ಎಂದು ಕೇಳಿದ್ದಕ್ಕೆ ಹೂಂ, ಹೂಂ ಎಂದಳು. ಕೊಟ್ಟದ್ದು ಅವಳೇ, ಅದರಲ್ಲಿ ಎರಡು ಮಾತಿಲ್ಲ.

ಅವರಲ್ಲಿ ಸೊಲ್ಲಿಗೂ ಅದೇ ಮಾತು, ಅದೇ ರಾಗ. ಹಾಗಾಗಿ ಕಂಪ್ಯೂಟರಿನಲ್ಲಿ ಅದನ್ನು ಹಿಂದಿನಿಂದ ಎತ್ತಿ ಮುಂದೆ ಇಡುವುದು ಸುಲಭ. ಮೊಮ್ಮಗಳು ಅದನ್ನೇ ಮಾಡಿದಳು. ತನ್ನ ತಡವರಿಸಿದ ಸಾಲುಗಳನ್ನೆಲ್ಲ ಕಿತ್ತುಹಾಕಿ ಮುದುಕಿಯ ದನಿಯನ್ನು ಮುಂದಿಟ್ಟಳು, ತಾನು ಹಿಂದೆ ನಿಂತಳು. ಯಾರಿಗೂ ಹೇಳಲಿಲ್ಲ. ಆಶ್ಚರ್ಯವಾಗಲಿ ಎಂದು.

ಮೇ ತಿಂಗಳ ಒಂದು ಸಂಜೆ ಲೈಬ್ರರಿಯ ಸಭಾಂಗಣದಲ್ಲಿ ಅವರ ಹಾಡುಗಾರಿಕೆ. ಸಿ.ಡಿ. ಮಾಡಿಸಿಕೊಡುವವರೊಬ್ಬರು ಕೇಳಲು ಬರುತ್ತಾರೆಂದು ಮೊಮ್ಮಗಳು ಎರಡು ದಿನದಿಂದ ಸರಿಯಾಗಿ ಉಂಡಿರಲಿಲ್ಲ. ಮುದುಕಿ ಕಪ್ಪು ಉಡುಪು ಹಾಕಿ, ಕೂದಲು ಸುರುಳಿ ಮಾಡಿಸಿಕೊಂಡು, ಎದೆಗೆ ಬೆಳ್ಳಿಯ ಪಿನ್ನು ಸಿಕ್ಕಿಸಿಕೊಂಡು ಬಂದು ನನ್ನ ಮಗ್ಗುಲಲ್ಲಿ ಕೂತಳು. ಕಿಟಕಿಗೆ ಪರದೆ ಎಳೆದರು. ತಾಳ ಶುರುವಾಯಿತು. ಆಮೇಲೆ ಎರಡೂ ಕಡೆಯ ಪೆಟ್ಟಿಗೆಗಳಿಂದ ಅವಳದೇ ದನಿ ಬಂತು, ದೊಡ್ಡದಾಗಿ.

ಅವಳು ನನ್ನ ಮುಂಗೈ ಹಿಡಿದಳು. ಮೊದಲು ಖುಷಿಯೆಂದುಕೊಂಡೆ. ಬಳೆ ಒತ್ತಿ ನೋವಾಯಿತು.

ಸಾಲು ಕೊನೆಗೆ ಬಂತು. ಕೊನೆಯ ಎರಡಕ್ಷರ. ಹುಟ್ಟಿದಾಗಿನಿಂದ ಮಾಡಿದ ಅಭ್ಯಾಸ ಎಲ್ಲಿ ಹೋಗುತ್ತದೆ? ಅವಳು ಉಸಿರೆಳೆದು ಸೇರಿಕೊಂಡಳು, ಕೂತಲ್ಲಿಂದಲೇ, ಹೊಲದ ದನಿಯಲ್ಲಿ. ವೇದಿಕೆಯ ಮೇಲೆ ಮೊಮ್ಮಗಳೂ ಆಗಲೇ ಬಾಯಿ ತೆರೆದಿದ್ದಳು. ಎರಡೂ ಡಿಕ್ಕಿ ಹೊಡೆದವು. ಮುಂದಿನ ಸಾಲಿನವರು ತಿರುಗಿ ನೋಡಿದರು. ಹಿಂದಿನಿಂದ ಯಾರೋ ಮೆಲ್ಲಗೆ, ಮರ್ಯಾದೆಯಿಂದಲೇ, ‘ಶ್’ ಅಂದರು. ಅವಳು ನಿಲ್ಲಿಸಿದಳು. ಪೆಟ್ಟಿಗೆಯೊಳಗಿನ ಅವಳು ಎರಡನೇ ಸಾಲು ಹಾಡಿದಳು. ಕೂತಿದ್ದ ಇವಳ ಬಾಯಿ ಮತ್ತೆ ತಾನಾಗಿ ತೆರೆಯಿತು. ಕರ್ಚೀಫು ಒತ್ತಿಕೊಂಡಳು. ಮೂರನೇ ಸಾಲಿಗೆ ಎದ್ದು, ಜನರ ಮೊಣಕಾಲು ದಾಟಿಕೊಂಡು ಹೊರಗೆ ಹೋದಳು. ನಾನು ಏಳಲಿಲ್ಲ. ಮೇಲೆ ನಿಂತವಳು ನನ್ನ ಮೊಮ್ಮಗಳು. ಎರಡು ಕಡೆ ಇರಲು ನನಗಿದ್ದದ್ದು ಒಂದೇ ಮೈ.

ಚಪ್ಪಾಳೆ ಚೆನ್ನಾಗಿಯೇ ಬಿತ್ತು. ಸಿ.ಡಿ.ಯವರು ಇದೊಂದು ಹಾಡು ಬೇಕೇ ಬೇಕು ಅಂದರಂತೆ.

ಮನೆಗೆ ಬಂದು ಅನ್ನಕ್ಕಿಟ್ಟಿದ್ದೆವು, ಬೆಲ್ ಆಯಿತು. ಬಾಗಿಲಲ್ಲಿ ಅವಳು, ಅದೇ ಕಪ್ಪು ಉಡುಪಿನಲ್ಲಿ. ಒಳಗೆ ಬಾ ಎಂದು ಕೈ ಮಾಡಿದರೂ ಬರಲಿಲ್ಲ. ಮೊಮ್ಮಗಳ ಹತ್ತಿರ ಸ್ವೀಡಿಷಿನಲ್ಲಿ ಸಣ್ಣ ಸಣ್ಣ ಮಾತಿನಲ್ಲಿ ಹೇಳಿದಳು. ಇವಳ ಮುಖ ಸುಣ್ಣವಾಯಿತು.

“ಏನಂತೆ?” ಅಂದೆ.

“ಅವರ ವಾಯ್ಸ್ ತೆಗೀಬೇಕಂತೆ. ಪೂರ್ತಿ. ಅದು ಅವರ ಅಕ್ಕನ ಜಾಗ ಅಂತೆ. ಎಲ್ಲರ ಮುಂದೆ ಅವರು ಅವರಿಗೇ ಆನ್ಸರ್ ಮಾಡ್ಕೊಂಡ್ರಂತೆ.” ಇಷ್ಟು ಹೇಳಿ ಮೊಮ್ಮಗಳು ಅವಳ ಕಡೆ ತಿರುಗಿ ಏನೇನೋ ಬೇಡಿಕೊಂಡಳು. ಮುದುಕಿ ಎಲ್ಲ ಕೇಳಿಸಿಕೊಂಡು, “ನೇಯ್,” ಅಂದಳು. ಇಲ್ಲ ಎಂದು. ನನ್ನ ಮುಖವನ್ನೂ ನೋಡದೆ ಮೆಟ್ಟಿಲಿಳಿದು ಹೋದಳು.

ಆಮೇಲೆ ಮನೆಯೊಳಗೆ ಶುರುವಾಯಿತು.

“ಪರ್ಮಿಶನ್ ಕೊಟ್ಟಿದ್ದಾರಲ್ಲ,” ಅಂದ ಅಳಿಯ. “ಈಗ ಬೇಡ ಅಂದ್ರೆ ಹೆಂಗೆ?”

“ನೀವ್ ಸುಮ್ನಿರಿ,” ಅಂದಳು ಮಗಳು. “ದಿನಾ ಲಿಫ್ಟಲ್ಲಿ ಮುಖ ನೋಡ್ಬೇಕು.”

“ಅವರನ್ನ ಇನ್ಸಲ್ಟ್ ಮಾಡಿದ್ನಾ ನಾನು?” ಮೊಮ್ಮಗಳು ಅಳತೊಡಗಿದಳು. “ಎಲ್ಲರೂ ವಯಸ್ಸಾದವರ ವಾಯ್ಸ್‌ನ ಹಿಂದೆ ಎಲ್ಲೋ ಹಾಕ್ತಾರೆ. ನಾನು ಫ್ರಂಟ್‌ಗೆ ತಂದೆ. ರೆಸ್ಪೆಕ್ಟ್‌ಗೆ ಮಾಡಿದ್ದು ಅಜ್ಜಿ!”

“ಮದುವೆ ಮನೇಲಿ ಕಳಸಗಿತ್ತೀನ ಎಬ್ಬಿಸಿ ಹಸೆಮಣೆ ಮೇಲೆ ಕೂರಿಸ್ಬುಟ್ಟು, ಮರ್ಯಾದೆ ಮಾಡ್ದೆ ಅಂತೀಯಲ್ಲೇ.”

“ಕಳಸಗಿತ್ತಿ ಅಂದ್ರೆ?”

“ಹೆಣ್ಣಿನ ಪಕ್ಕ ಕಳಸ ಹಿಡ್ಕೊಂಡು ನಿಲ್ಲೋಳು. ಪಕ್ಕ ನಿಲ್ಲೋದೇ ಅವಳ ಮರ್ಯಾದೆ. ಹಸೆಮಣೆ ಮೇಲೆ ಕೂರ್ಸಿದ್ರೆ ಎದ್ ಓಡೋಗ್ತಾಳೆ. ಓಡೋದ್ಲು.”

“ಅವರ ವಾಯ್ಸ್ ತೆಗೆದ್ರೆ ಹಾಡೇ ಸತ್ತೋಗುತ್ತೆ. ಸಿ.ಡಿ.ಯವರಿಗೆ ಈ ಹಾಡು ಬೇಕಾಗಿದ್ದೇ ಆ ವಾಯ್ಸಿಂದ.”

“ಮುಂದಿಂದು ನೀನೇ ಹಾಡು. ಅವತ್ತು ಅಡ್ಗೆಮನೇಲಿ ಹಾಡ್ಲಿಲ್ವಾ? ಆವಾಗ ಹೂಂ ಅಂದು ಸೊಲ್ಲು ಕೊಟ್ಳಲ್ಲ.”

“ನನ್ನ ವಾಯ್ಸ್ ಅಷ್ಟು ದೊಡ್ಡದಿಲ್ಲ.”

“ಇಲ್ದಿದ್ರೆ ಇಲ್ಲ. ಇರೋಷ್ಟ್ರಲ್ಲಿ ಹಾಡು. ಇಲ್ಲಾ ಬಿಡು.”

ಅವಳು ರೂಮಿಗೆ ಹೋಗಿ ಬಾಗಿಲು ಹಾಕಿಕೊಂಡಳು. “ಸ್ವಲ್ಪ ನಯವಾಗ್ ಹೇಳ್ಬಾರ್ದೇನಮ್ಮಾ,” ಎಂದು ಮಗಳು ನನ್ನನ್ನು ಬೈದಳು. ನಯವಾಗಿ ಹೇಳಿದ್ದರೆ ಅನ್ನ ಬೇಗ ಬೇಯುತ್ತಿತ್ತೇ? ಈ ಊರಿನಲ್ಲಿ ನನ್ನ ಎದುರು ತುದಿ ಹಿಡಿಯುವವಳು ಅವಳೊಬ್ಬಳು. ಹುಡುಗಿ ಹಟ ಹಿಡಿದು ಆ ದನಿಯನ್ನು ಉಳಿಸಿಕೊಂಡರೆ ಅವಳು ಇನ್ನು ನಮ್ಮ ಬೆಲ್ ಒತ್ತುವುದಿಲ್ಲ. ತೆಗೆದುಹಾಕಿದರೆ ಹುಡುಗಿ ಪದವನ್ನು ಬಿಟ್ಟುಬಿಡುತ್ತಾಳೆ, ಅಕ್ಕತಂಗಿಯರು ಅದನ್ನು ಹಾಡುತ್ತಿದ್ದ ಬಗೆ ಆ ಮುದುಕಿಯ ಜೊತೆಗೇ ಮಣ್ಣಿಗೆ ಹೋಗುತ್ತದೆ. ಎರಡೂ ಬೇಡವಾಗಿತ್ತು.

ಮಾರನೆಯ ಬೆಳಿಗ್ಗೆ ನಮ್ಮ ಬಟ್ಟೆಯ ದಿನ. ಬೆಲ್ ಆಗಲಿಲ್ಲ. ಮೊಮ್ಮಗಳ ಹೊದಿಕೆ ಎಳೆದೆ.

“ಏಳು. ಬುಟ್ಟಿ ಎತ್ಕೋ. ನನ್ನ ಸೊಂಟ ಹಿಡ್ಕೊಂಡದೆ.”

ಸೊಂಟಕ್ಕೆ ಏನೂ ಆಗಿರಲಿಲ್ಲ.

ಕೆಳಗೆ ಹಲಗೆಯಲ್ಲಿ ಅವಳ ಬೀಗ ಅದರ ತೂತಿನಲ್ಲೇ ಇತ್ತು. ಒಳಗೆ ಅವಳು ಇದ್ದಳು. ಕೂದಲಿನ ಸುರುಳಿ ಅರ್ಧ ಬಿಚ್ಚಿಹೋಗಿತ್ತು. ಹುಡುಗಿಯನ್ನು ನೋಡಿದವಳು ಬೆನ್ನು ತಿರುಗಿಸಿ ಮಿಷನ್ನಿನ ಬಾಗಿಲು ತೆರೆದು ಮುಚ್ಚಿದಳು. ಹುಡುಗಿ ನನ್ನ ಕಡೆ ಕಣ್ಣು ಬಿಟ್ಟಳು. ನಾನು ಒದ್ದೆ ಬೆಡ್‌ಶೀಟೊಂದನ್ನು ತೆಗೆದು ಒಂದು ತುದಿಯನ್ನು ಹುಡುಗಿಯ ಕೈಗೆ ತುರುಕಿದೆ, ಇನ್ನೊಂದನ್ನು ಮುದುಕಿಯ ಕಡೆ ಹಿಡಿದು ನಿಂತೆ. ನೀರು ತೊಟ್ಟಿಕ್ಕುತ್ತಿತ್ತು. ನೆಲ ಒದ್ದೆಯಾಗುವುದನ್ನು ನೋಡಿಕೊಂಡಿರಲು ಅವಳಿಂದ ಆಗುವುದಿಲ್ಲ, ಅದು ನನಗೆ ಗೊತ್ತು. ಹಿಡಿದಳು.

“ಶುರು ಮಾಡು,” ಅಂದೆ ಹುಡುಗಿಗೆ.

“ಏನು?”

“ಪದ.”

“ಈಗ? ಇಲ್ಲಿ?”

“ಇನ್ನೆಲ್ಲಿ?”

ಅವಳು ಗಂಟಲು ಸರಿಮಾಡಿಕೊಂಡಳು. ಅಪ್ಪನ ಅಂಗಿಯ ಸಾಲು. ಕಾಗದ ಇರಲಿಲ್ಲ, ತಡವರಿಸಲೂ ಇಲ್ಲ. ಸಣ್ಣ ದನಿ, ನಿದ್ದೆಗೆಟ್ಟ ದನಿ. ಕೊನೆಯ ಎರಡಕ್ಷರಕ್ಕೆ ಬಂದಳು. ನಾನು ಮುದುಕಿಯನ್ನೇ ನೋಡುತ್ತಿದ್ದೆ. ಎದೆ ಏರಿತು, ಬಾಯಿ ತೆರೆಯಿತು. ತೆರೆದ ಬಾಯಿಯನ್ನು ಅವಳು ಮುಚ್ಚಿಕೊಂಡಳು. ಬೆಡ್‌ಶೀಟನ್ನು ಎಷ್ಟು ಜೋರಾಗಿ ಎಳೆದಳೆಂದರೆ ಹುಡುಗಿ ಮುಗ್ಗರಿಸಿ ಮುಂದೆ ಬಂದಳು.

ಹಾಡು ನಿಂತಿತು. ಹುಡುಗಿಯ ಕಣ್ಣು ತುಂಬಿತು. ಆದರೆ ಕೆಳಗೆ, ಸಿಮೆಂಟಿನ ನೆಲದ ಮೇಲೆ, ಮುದುಕಿಯ ಕಾಲು ತಾಳ ಬಿಟ್ಟಿರಲಿಲ್ಲ. ಟಕ್, ಟಕ್ ಎಂದು ಕುಟ್ಟುತ್ತಲೇ ಇತ್ತು. ತನ್ನ ಸಾಲಿಗೆ ಎಷ್ಟು ಹೊತ್ತು ಬೇಕೋ ಅಷ್ಟನ್ನೂ ಕಾಲಿನಲ್ಲೇ ಕುಟ್ಟಿ ಮುಗಿಸಿ, ಗದ್ದ ಎತ್ತಿ ಹುಡುಗಿಯನ್ನು ನೋಡಿದಳು. ಹುಡುಗಿಗೆ ತಿಳಿಯಿತು. ಎರಡನೇ ಸಾಲು ಎತ್ತಿಕೊಂಡಳು, ಅಣ್ಣನ ಅಂಗಿಯದ್ದು. ಮತ್ತೆ ಖಾಲಿ, ಮತ್ತೆ ಕಾಲು. ಹಾಗೆಯೇ ಸಮುದ್ರಕ್ಕೆ ಹೋದವನ ಅಂಗಿಯವರೆಗೆ ಹೋದರು. ಒಂದು ಸಲವೂ ಅವಳು ಬಾಯಿ ಬಿಡಲಿಲ್ಲ. ತುದಿಗೆ ತುದಿ ಕೂಡಿಸಲು ಇಬ್ಬರೂ ಹತ್ತಿರ ಬರುವುದು, ಮತ್ತೆ ಎಳೆಯಲು ದೂರ ಹೋಗುವುದು. ಇಬ್ಬರ ಮುಖವೂ ಚೆನ್ನಾಗಿರಲಿಲ್ಲ.

ಮಡಚಿದ ಬೆಡ್‌ಶೀಟನ್ನು ಅವರ ಕೈಯಿಂದ ತೆಗೆದು ಬೀರುವಿನಲ್ಲಿ ಹಾಕಿದೆ. ಇನ್ನೊಂದನ್ನು ಹಿಂಡಿ ಕೊಟ್ಟೆ.